ಇಮ್ರೆ ಮಹಾಶಯರ ನಡಿಗೆ

ಹಂಗೇರಿಯಿಂದ ನೆದರ್‌ಲೆಂಡ್ಸಿನ ಡೀಮೆನ್‌ಗೆ ಬಂದು ಹದಿನೈದು ವರ್ಷಗಳಿಂದ ಅನಿಮೇಷನ್ ಚಿತ್ರಗಳನ್ನು ನಿರ್ದೇಶಿಸುತ್ತಿರುವ ಇಮ್ರೆ ಮಹಾಶಯರಿಗೆ ಜಗತ್ತೆಂದರೆ ನಡಿಗೆ. ಟ್ರಾಮಿನಲ್ಲಿ ಯಾರದಾದರೂ ನಡಿಗೆ ಹಿಡಿಸಿದರೆ ತಮ್ಮ ಸ್ಟಾಪನ್ನೇ ಮರೆತು ಅವರ ಹಿಂದೆ ಇಳಿದುಬಿಡುತ್ತಾರೆ. ಕಾಗೆಯ ಚಿತ್ರ ಬರೆಯುವ ವಾರ ಮೀಟಿಂಗಿಗೂ ಕುಪ್ಪಳಿಸಿಕೊಂಡೇ ಬರುತ್ತಾರೆ. ಸ್ಟುಡಿಯೋಗೆ ಹೊಸದಾಗಿ ಸೇರಿದವರಿಗೆಲ್ಲ ಅವರ ಮೊದಲ ಮಾತು, “ನಿಮ್ಮನೇಲಿ ಯಾರು ಹೇಗೆ ನಡೀತಾರೆ, ತೋರ್ಸು!” ಮೈಸೂರಿನ ಇಂಚರಾ ನಾಚುತ್ತಲೇ, ತೀರಿಹೋದ ಅಜ್ಜಿ ಸೀರೆಯ ನೆರಿಗೆ ಎತ್ತಿಕೊಂಡು ಮೆಟ್ಟಿಲು ಹತ್ತುತ್ತಿದ್ದ ರೀತಿ ತೋರಿಸಿದಳು. “ಇನ್ನೊಂದ್ಸಲ! ಇನ್ನೊಂದ್ಸಲ!” ಎಂದು ಕುಣಿದಾಡಿದ ಮಹಾಶಯರು, ತಮ್ಮ ಪ್ಯಾಂಟಿಗಿಲ್ಲದ ನೆರಿಗೆಯನ್ನು ಎತ್ತಿಕೊಂಡು ತಾವೂ ಹತ್ತಿದರು. ಮರುವರ್ಷ ಮಹಾಶಯರ ಹೊಸ ಚಿತ್ರ ಮುಗಿದಾಗ ಇಂಚರಾ ಅದನ್ನು ಅಮ್ಮನಿಗೆ ಕಳಿಸಿದಳು. ಅದರಲ್ಲೊಂದು ಮುದಿ ಬಾತುಕೋಳಿ ಮೆಟ್ಟಿಲು ಹತ್ತುವುದನ್ನು ಕಂಡದ್ದೇ ತಡ, ಅಮ್ಮ ಫೋನಿನಲ್ಲಿ ಕೂಗಿಕೊಂಡರು: “ಅಯ್ಯೋ, ಇದು ನಮ್ಮತ್ತೆ ಕಣೇ! ಆ ಪುಣ್ಯಾತ್ಮ ಅವರನ್ನ ಯಾವಾಗ ನೋಡಿದ್ನೇ?”