ದಡದಲ್ಲಿ ಕಾದವಳ ಚಿತ್ರ

ಚಾಂಗ್‌ಚುನ್ ನಗರದ ಸಿನಿಮಾ ಸ್ಟುಡಿಯೋದಲ್ಲಿ ಚ್ಯೂ ಲಿಯನ್‌ಷಾನ್ ಹನ್ನೊಂದು ವರ್ಷ ಬರೀ ದುಷ್ಟರ ಪಾತ್ರ ಮಾಡಿದ. ಅಗಲ ದವಡೆ, ಕಿರಿದಾದ ಕಣ್ಣು. ಕ್ರೂರ ಜಮೀನ್ದಾರ ಬೇಕೆಂದರೆ ಎಲ್ಲರ ಬೆರಳೂ ಅವನತ್ತಲೇ. ಸಂತೆಗೆ ಹೋದರೆ ಎಲೆಕೋಸು ಮಾರುವವಳು ಬಿಡುತ್ತಿರಲಿಲ್ಲ.

“ಏನ್ ಜಮೀನ್ದಾರ್ರೇ, ಪರದೆ ಮೇಲೆ ಆ ಮುದುಕಿ ಜೋಳ ಕಿತ್ಕೊಂಡಿದ್ದು ಸಾಲ್ದಾ? ಇವತ್ತು ನನ್ನ ಕೋಸಿಗೆ ಬಂದ್ರಾ?”

ಎಲ್ಲರೂ ನಗುತ್ತಿದ್ದರು, ಅವನೂ ನಗುತ್ತಿದ್ದ. ಪಕ್ಕ ನಿಂತು ಮಾತು ಬೆಳೆಸುವವರು ಮಾತ್ರ ಯಾರೂ ಇರಲಿಲ್ಲ. ಮಾತಿಗಿದ್ದವಳು ಹೆಂಡತಿ ಪೇಯ್‌ಲಾನ್ ಒಬ್ಬಳೇ.

೧೯೬೪ರಲ್ಲಿ ಅವನಿಗೆ ನಿರ್ದೇಶನದ ಅವಕಾಶ ಸಿಕ್ಕಿತು. ಸೋಂಗ್‌ಹ್ವಾ ನದಿಯ ದೋಣಿಗಾರನೊಬ್ಬನ ಕಥೆ; ದೋಣಿಗಾರನ ಹೆಂಡತಿಯ ಪಾತ್ರಕ್ಕೆ ಪೇಯ್‌ಲಾನ್. ಗಂಡನ ದಾರಿ ಕಾಯುವ ಒಂದೇ ದೃಶ್ಯಕ್ಕೆ ಅವಳನ್ನು ಒಂಬತ್ತು ದಿನ ಹಿಮದಲ್ಲಿ ನಿಲ್ಲಿಸಿದ. ಚಿತ್ರ ನೋಡಿದ ಪಕ್ಷದ ಅಧಿಕಾರಿಗಳು, “ಇದ್ರಲ್ಲಿ ಹೋರಾಟ ಎಲ್ಲಯ್ಯಾ? ಬರೀ ಕಣ್ಣೀರು!” ಎಂದು ಸುರುಳಿಗಳನ್ನು ಗೋದಾಮಿಗೆ ಹಾಕಿಸಿದರು.

ಎರಡು ವರ್ಷಕ್ಕೆ ಕಾಲವೇ ಕೆಟ್ಟಿತು; ಕ್ರಾಂತಿಯ ಹೆಸರಲ್ಲಿ ‘ವರ್ಗಶತ್ರು’ಗಳ ಬೇಟೆ ಶುರುವಾಯಿತು. ವಿಚಾರಣೆಯ ಸಭೆಯಲ್ಲಿ ಸಹನಟನೊಬ್ಬ ಎದ್ದು ಕೂಗಿದ: “ಅಷ್ಟು ಚೆನ್ನಾಗಿ ಜಮೀನ್ದಾರ ಆಗ್ತಾನೆ ಅಂದ್ರೆ ಅದು ಇವನ ರಕ್ತದಲ್ಲೇ ಇರ್ಬೇಕು!” ಅವನನ್ನು ಉತ್ತರದ ತೋಟವೊಂದಕ್ಕೆ ಹಂದಿ ಸಾಕಲು ಕಳಿಸಿದರು; ಪೇಯ್‌ಲಾನ್ ಮಗಳೊಂದಿಗೆ ಊರಲ್ಲೇ ಉಳಿದಳು. ಮೂರನೆಯ ಚಳಿಗಾಲದಲ್ಲಿ ವಿಚ್ಛೇದನದ ಕಾಗದ ಬಂತು. ಜೊತೆಗೆ ಪೇಯ್‌ಲಾನಳ ಒಂದು ಸಾಲು: ‘ನಿಮ್ಮ ಹೆಸರಿದ್ದರೆ ಮಗಳನ್ನು ಶಾಲೆಗೆ ಸೇರಿಸಿಕೊಳ್ಳುವುದಿಲ್ಲ.’ ಹೆಪ್ಪುಗಟ್ಟಿದ ಮಸಿಯನ್ನು ಒಲೆಯ ಬಳಿ ಕರಗಿಸಿ ರುಜು ಹಾಕಿದ.

ಅವನು ಊರಿಗೆ ಮರಳಿದ್ದು ೧೯೭೯ರಲ್ಲಿ. ಗೋದಾಮಿನ ಚಿತ್ರಕ್ಕೂ ಬಿಡುಗಡೆಯ ಅಪ್ಪಣೆ ಸಿಕ್ಕಿತು. ಮೊದಲ ಪ್ರದರ್ಶನಕ್ಕೆ ಪೇಯ್‌ಲಾನಳನ್ನು ಕರೆದು ಪತ್ರ ಬರೆದ. ಹಾರ್ಬಿನ್‌ನಲ್ಲಿ ರೈಲ್ವೆ ಗುಮಾಸ್ತನನ್ನು ಮದುವೆಯಾಗಿದ್ದ ಅವಳು ಬಂದಳು, ನಡುವೆ ಒಂದು ಕುರ್ಚಿ ಖಾಲಿ ಬಿಟ್ಟು ಕೂತಳು.

ಪರದೆಯ ಮೇಲೆ ನದಿಯ ದಡ ಬಂತು.

“ಕಾಲು ಮರಗಟ್ಟಿದ್ರೂ ‘ಇನ್ನೊಂದ್ಸಲ’ ಅಂತಿದ್ರಲ್ಲ,” ಅಂದಳು.

“ಬೆಳಕು ಸರಿ ಇರ್ಲಿಲ್ಲ.”

“ಬೆಳಕಲ್ಲ ಬಿಡಿ. ನಂಗೆ ಆಗ ಕಾಯೋದು ಅಂದ್ರೆ ಏನಂತ ಗೊತ್ತಿರ್ಲಿಲ್ಲ.”

ಅವಳನ್ನು ಕಳಿಸಲು ಹೋದಾಗ ರೈಲು ನಿಲ್ದಾಣದಲ್ಲಿ ಅವನು ಮಗಳ ವಿಷಯ ಕೇಳಿದ.

“ನರ್ಸ್ ಆಗಿದಾಳೆ. ನಮ್ಮನೆಯವ್ರನ್ನೇ ಅಪ್ಪ ಅಂತಾಳೆ. ಈಗ ಹೋಗಿ ಏನಂತ ಹೇಳ್ಲಿ?”

“ಏನೂ ಹೇಳ್ಬೇಡ,” ಎಂದು ಅವಳ ಚೀಲವನ್ನು ರೈಲಿನೊಳಗೆ ಎತ್ತಿಟ್ಟ.

ಇನ್ನೊಂದು ಚಿತ್ರ ಮಾಡಿ ಎಂದು ಸ್ಟುಡಿಯೋದವರು ಕೇಳಿದರು. ಅವನು ಒಪ್ಪಲಿಲ್ಲ. ಸಿಕ್ಕ ಸಣ್ಣಪುಟ್ಟ ಪಾತ್ರ ಮಾಡುತ್ತ ಒಂಟಿ ಕೋಣೆಯಲ್ಲಿ ಉಳಿದ.

ದೋಣಿಗಾರನ ಆ ಚಿತ್ರ ಊರಿನ ಟಾಕೀಸಿನಲ್ಲಿ ಒಂದೇ ವಾರ ಓಡಿತು. ಪ್ರತಿ ಮಧ್ಯಾಹ್ನ ಹೋಗಿ ಹಿಂದಿನ ಸಾಲಿನಲ್ಲಿ ಕೂರುತ್ತಿದ್ದ. ಹಲ್ಲು ಉದುರಿ ದವಡೆ ಒಳಸೇರಿದ್ದರಿಂದ ಯಾರಿಗೂ ಗುರುತು ಹತ್ತುತ್ತಿರಲಿಲ್ಲ. ಕೊನೆಯ ದಿನ ಮುದುಕಿಯೊಬ್ಬಳು ಕಣ್ಣೊರೆಸಿಕೊಳ್ಳುತ್ತ ಕೇಳಿದಳು: “ಇದನ್ನ ತೆಗ್ದೋರು ಬದುಕಿದಾರೇನಪ್ಪಾ?”

“ಗೊತ್ತಿಲ್ಲ ತಾಯಿ. ಮೆಟ್ಲು ಜಾರುತ್ತೆ, ನನ್ನ ಕೈ ಹಿಡ್ಕೊಳ್ಳಿ,” ಎಂದ ಲಿಯನ್‌ಷಾನ್.