ಕೋಟಿನ ಒಳಪದರ

ದರ್ಜಿಗೆ ದಾರದ ಮೇಲಿದ್ದ ನಂಬಿಕೆ ಮನುಷ್ಯರ ಮೇಲಿರಲಿಲ್ಲ. ಎದುರಿನ ಔಷಧಿ ಅಂಗಡಿಯವನು ಕೂತಿರುವುದೇ ತನ್ನನ್ನು ಕಾಯಲು, ಬೀದಿದೀಪ ಮಿಣುಕುವುದು ಅವರವರೊಳಗಿನ ಸನ್ನೆ ಎಂದು ಅಳತೆ ಕೊಡಲು ಬಂದವರಿಗೆಲ್ಲ ಹೇಳುತ್ತಿದ್ದ. ಕುತ್ತಿಗೆಗೆ ಟೇಪು ಸುತ್ತಿರುವಾಗ ಯಾರು ತಾನೇ ಅಲ್ಲ ಎಂದಾರು? ಹೂಂಗುಟ್ಟಿ ಜಾಗ ಖಾಲಿ ಮಾಡುತ್ತಿದ್ದರು.

ಮನೆಯವರಿಗೆ ಆ ಸೌಕರ್ಯವಿರಲಿಲ್ಲ. ಹೋದ ತಿಂಗಳು, ಹೆಂಡತಿಯ ರವಿಕೆಯ ಕಾಲರಿನಲ್ಲಿ ಏನೋ ಅಡಗಿಸಿದ್ದಾರೆಂದು ಅವಳು ತೊಟ್ಟಿದ್ದ ಹಾಗೆಯೇ ಕತ್ತರಿ ಹಾಕಿದ್ದ. ಅವಳು ಉಸಿರು ಬಿಗಿಹಿಡಿದು ನಿಂತಿದ್ದಳು. "ಕತ್ತು ಕುಯ್ದುಬಿಡ್ತೀಯಪ್ಪಾ!" ಎಂದು ಮಗಳು ಕಿರುಚಿದ್ದು ಪುಣ್ಯಾತ್ಮನ ಕಿವಿಗೇ ಬೀಳಲಿಲ್ಲ. ಕಾಲರಿನಲ್ಲಿ ಏನೂ ಸಿಗಲಿಲ್ಲ.

ಇವತ್ತು ಮಧ್ಯಾಹ್ನ ಅಂಗಡಿಯಲ್ಲಿ ತನ್ನ ಕೋಟು ತೊಡುವಾಗ ಒಳಪದರದಲ್ಲಿ ಏನೋ ಬೆರಳಿಗೆ ತಡೆಯಿತು. ಹೊಲಿಗೆ ಬಿಚ್ಚಿದ. ಗುಂಡಿಯಷ್ಟು ಅಗಲದ ಯಂತ್ರವೊಂದು ಅಂಗೈಗೆ ಬಿತ್ತು. ಮನುಷ್ಯ ಎಲ್ಲಿದ್ದಾನೆಂದು ಬೇರೆಯವರ ಫೋನಿನಲ್ಲಿ ತೋರಿಸುವಂಥದ್ದು. ಹುಚ್ಚ ಎಂದು ನಕ್ಕವರೆಲ್ಲ ಈಗ ಬಂದು ನೋಡಬೇಕಿತ್ತು!

ಯಾರ ಕೈವಾಡವೆಂದು ಹೊಲಿಗೆ ನೋಡಿದ. ದರ್ಜಿ ಬೇರೇನು ನೋಡುತ್ತಾನೆ? ಮೂರು ಸುತ್ತು ಹಾಕಿ ಎಡಕ್ಕೆ ಬಿಗಿದ ಗಂಟು. ಮಗಳನ್ನು ತೊಡೆಯ ಮೇಲೆ ಕೂರಿಸಿಕೊಂಡು ಅವನೇ ಕಲಿಸಿದ್ದು. ಅಯ್ಯೋ, ನನ್ನ ಕೂಸನ್ನೂ ಬಲೆಗೆ ಹಾಕಿಕೊಂಡರಲ್ಲ!

ಯಂತ್ರವನ್ನು ಅಂಗಡಿಯ ಚಿಂದಿಬಟ್ಟೆಯ ರಾಶಿಯ ಮೇಲೆಸೆದು, ಬಿದ್ದಂಬೀಳ ಮನೆಗೆ ಓಡಿದ.

ಬಾಗಿಲು ಹಾರುಹೊಡೆದಿತ್ತು. ತಾಯಿ ಮಗಳು ನಡುಮನೆಯಲ್ಲಿ ಕೂತು ಬಿದ್ದು ಬಿದ್ದು ನಗುತ್ತಿದ್ದರು. ಆ ನಗು ಕೇಳಿ ಎಷ್ಟು ಕಾಲವಾಗಿತ್ತೋ. ಅವನನ್ನು ಕಂಡದ್ದೇ ಇಬ್ಬರ ಮುಖವೂ ಬಿಳಿಚಿಕೊಂಡಿತು. ಬೆನ್ನಟ್ಟಿ ಬಂದೇಬಿಟ್ಟರೆಂದು ಅವನು ಗಕ್ಕನೆ ಹಿಂತಿರುಗಿದ. ಹಿಂದೆ ಯಾರೂ ಇರಲಿಲ್ಲ.

"ಕೋಟಲ್ಲಿ ಅದನ್ನ ಯಾರು ಇಡಿಸಿದ್ರು? ಹೆದರ್ಬೇಡ ಪುಟ್ಟೀ, ನಾನಿದೀನಿ. ಹೇಳು."

ಹೆಂಡತಿ ಮಗಳ ಮುಂದೆ ಬಂದು ಅಡ್ಡ ನಿಂತಳು. ಅವಳ ಭುಜದ ಹಿಂದಿನಿಂದ ಮಗಳು ಹೇಳಿದಳು:

"ಯಾರೂ ಇಲ್ಲಪ್ಪ, ನಾನೇ ಇಟ್ಟೆ. ನೀನು ಗಲ್ಲಿ ತಿರುಗೋ ಅಷ್ಟ್ರಲ್ಲಿ ನಾವು ಕೋಣೆ ಸೇರಿ ಚಿಲಕ ಹಾಕ್ಕೋಬೇಕಲ್ಲ."