ರಾಗಿವಾಡೆಯಲ್ಲಿ ಹೂತ ರುಮಾಲು

ನನಗೆ ಆಗ ಎಂಟು ವರ್ಷ. ಚನ್ನರಾಯಪಟ್ಟಣದಲ್ಲಿ ಅಪ್ಪನದು ಬಟ್ಟೆ ಅಂಗಡಿ. ಒಂದು ದಿನ ಜವಾನನೊಬ್ಬ ಕಾಗದ ಕೊಟ್ಟುಹೋದ. ಹಾಸನದ ಕೋರ್ಟಿನಲ್ಲಿ ಕೊಲೆ ಮೊಕದ್ದಮೆ. ಅಪ್ಪ ಜೂರಿಯಾಗಿ ಕೂತು, ಸಿಕ್ಕಿಬಿದ್ದವನು ತಪ್ಪಿತಸ್ಥನೋ ಅಲ್ಲವೋ ಹೇಳಬೇಕು.

ಕೇಳಿದ್ದೇ ತಡ, ಅಜ್ಜಿ ಒರಳು ಬಿಟ್ಟು ಎದ್ದುಬಂದಳು.

"ಎದೆ ಮ್ಯಾಲೆ ಲಿಂಗ ಕಟ್ಕಂಡೋನು ಕಣ್ಲಾ ನೀನು. ಇರುವೇನೂ ಕೊಲ್ಬಾರ್ದು ಅಂತ ಏಳಿ ಬೆಳ್ಸಿವ್ನಿ. ನೀನು ಊಂ ಅಂದ್ರೆ ಅವನ್ನ ನೇಣಿಗಾಕ್ತಾರೆ. ಆ ಪಾಪ ಯಾರ್ ತಲೆಗೆ?"

"ಸತ್ತೋನಿಗೂ ಎಂಡ್ರು ಮಕ್ಕಳವ್ರಲ್ಲವ್ವಾ. ಅವ್ರ ಕಣ್ಣೀರು ಯಾರ್ ತಲೆಗೆ?"

"ನಿನ್ ತಲೆಗೆ ಕಣೋ! ಮನೆಮಂದಿ ತಲೆಗೆಲ್ಲಾ!"

ಮನೆಮಂದಿಯಲ್ಲಿ ನನ್ನ ತಲೆಯೂ ಇತ್ತು. ಅಂದಿನಿಂದ ಬಾವಿಯ ಹಗ್ಗ ಕಂಡರೂ ಒಳಗೆ ಓಡಿಹೋಗುತ್ತಿದ್ದೆ. ಅಪ್ಪ ಹೋಗಕೂಡದು. ಅದಕ್ಕೆ ನನಗೊಂದು ದಾರಿ ಹೊಳೆಯಿತು. ಬರಿದಲೆಯಲ್ಲಿ ಗಂಡಸರು ಸಂತೆಗೇ ಹೋಗುತ್ತಿರಲಿಲ್ಲ, ಇನ್ನು ಕೋರ್ಟಿಗೆ? ಅಪ್ಪನ ಜರಿಯಂಚಿನ ರುಮಾಲನ್ನು ರಾಗಿ ತುಂಬಿದ ದೊಡ್ಡ ಮಣ್ಣಿನ ವಾಡೆಯೊಳಗೆ ಹೂತುಬಿಟ್ಟೆ.

ಬೆಳಿಗ್ಗೆ ಅಪ್ಪ ಮನೆಯೆಲ್ಲ ಹುಡುಕಿದ. ನಾನು ಕಂಬ ತಬ್ಬಿ ನಿಂತಿದ್ದೆ. ನನ್ನನ್ನೊಮ್ಮೆ ನೋಡಿದವನು ಅಂಗಡಿ ಬಾಗಿಲು ತೆಗೆದು, ಬಿಳಿ ಬಟ್ಟೆ ಪರ್ರನೆ ಹರಿದು ತಲೆಗೆ ಸುತ್ತಿ ಬಸ್ಸು ಹತ್ತಿದ. ಬಟ್ಟೆ ಅಂಗಡಿಯವನ ಮಗಳಿಗೆ ಅಷ್ಟೂ ಹೊಳೆದಿರಲಿಲ್ಲ!

ಮೂರನೆಯ ದಿನ ಬಂದ. ಅಜ್ಜಿ ಬಾಗಿಲಲ್ಲೇ ತಡೆದಳು.

"ಏನಂದ್ಬುಟ್ಟೆ?"

"ಕೊಂದಿದ್ದು ಅವ್ನೇ ಕಣವ್ವಾ. ಸುಳ್ಳೇಳಕಾಗ್ಲಿಲ್ಲ. ನೇಣು ಮಾತ್ರ ಬ್ಯಾಡ ಸಾ ಅಂತ ಕೈ ಮುಗ್ದೆ. ಅದು ನಿನ್ ಕೆಲ್ಸ ಅಲ್ಲ, ಕೂತ್ಕೋ ಅಂದ್ರು ಜಡ್ಜು."

"ಆಮ್ಯಾಕೆ?"

"ನೇಣು."

ಅಜ್ಜಿ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಅಪ್ಪ ಸ್ನಾನ ಮಾಡಿ ಪೂಜೆಗೆ ಕೂತ. ಅಂಗೈಯ ಮೇಲೆ ಲಿಂಗ ಇಟ್ಟುಕೊಂಡವನು ಹೂವೇರಿಸುವುದನ್ನೇ ಮರೆತ. ನಾನು ವಾಡೆಯಿಂದ ರುಮಾಲು ತೆಗೆದು ಎದುರಿಗಿಟ್ಟೆ. ರುಮಾಲಿನ ಮಡಿಕೆಗಳಿಂದ ರಾಗಿ ಉದುರಿತು.

"ಓಗೋ ದಿನಾನೇ ಕೊಟ್ಟಿದ್ರೆ ಬಟ್ಟೆ ಉಳೀತಿತ್ತಲ್ಲೇ ಕಳ್ಳಿ," ಎಂದ. ನಗಲಿಲ್ಲ.

ಅವನ ಪ್ರಾಣ ಉಳಿಸಿಕೊಡಿ ಎಂದು ಅಪ್ಪ ಮಹಾರಾಜರಿಗೆ ಅರ್ಜಿ ಬರೆದ. ಅಂಚೆಯವನು ಬೀದಿಯಲ್ಲಿ ಕಂಡರೆ ನಾನು ವಾಡೆಯ ಹಿಂದೆ ಅಡಗುತ್ತಿದ್ದೆ. ಉತ್ತರ ಬರಲಿಲ್ಲ. ಒಂದು ಮಧ್ಯಾಹ್ನ ಗಿರಾಕಿಯೊಬ್ಬ, "ಅವಂದು ಮುಗ್ದೋಯ್ತಂತಲ್ಲ ಸಾ," ಎಂದ. ಬಟ್ಟೆ ಅಳೆಯುತ್ತಿದ್ದ ಅಪ್ಪನ ಗಜಕಡ್ಡಿ ಅಲ್ಲೇ ನಿಂತಿತು.

ಅಜ್ಜಿ ವಿಭೂತಿ ತಂದು ಅಪ್ಪನ ಹಣೆಗೆ ಹಚ್ಚಿದಳು, ಆಮೇಲೆ ತನ್ನ ಹಣೆಗೆ. ಮನೆಮಂದಿಯಲ್ಲಿ ನನ್ನನ್ನು ಎಲ್ಲಿ ಮರೆತುಬಿಡುತ್ತಾಳೋ ಎಂದು ನಾನು ಓಡಿಹೋಗಿ ನನ್ನ ಹಣೆ ಚಾಚಿದೆ.